ಪೈರಸಿ ಲಿಂಕ್ ಒತ್ತಿದ ಮೇಲೆ ಮಾಡಬೇಕಾದ ಕೆಲಸಗಳು

ಶುಕ್ರವಾರ ತೆರೆಕಂಡ ಚಿತ್ರವೊಂದರ ಕಳ್ಳಪ್ರತಿ ವಾರಾಂತ್ಯದೊಳಗೆ ‘ಎಚ್‌ಡಿ ಪ್ರಿಂಟ್’ ಎಂಬ ಹಣೆಪಟ್ಟಿ ಹೊತ್ತು ವಾಟ್ಸ್ಆ್ಯಪ್, ಟೆಲಿಗ್ರಾಂ ಗುಂಪುಗಳಿಗೆ ಬಂದು ಬೀಳುವುದು ಈಗ ಅಪರೂಪವೇನಲ್ಲ. ಅದರ ಲಿಂಕ್ ಒತ್ತಬಾರದು ಎಂದು ಬುದ್ಧಿ ಹೇಳುವವರು ಬೇಕಾದಷ್ಟು ಮಂದಿ ಇದ್ದಾರೆ. ಮನೆಯಲ್ಲಿ ಯಾರೋ ಈಗಾಗಲೇ ಒತ್ತಿಬಿಟ್ಟಿದ್ದರೆ ಮುಂದೇನು ಎಂಬುದನ್ನು ವಿವರಿಸುವವರು ಕಡಿಮೆ.

ಇಂಥ ಲಿಂಕ್ ಕರೆದೊಯ್ಯುವ ಜಾಲತಾಣಗಳ ಸಂಪಾದನೆ ಜಾಹೀರಾತಿನದು, ಮತ್ತು ಮರ್ಯಾದಸ್ಥ ಕಂಪನಿಗಳು ಅಲ್ಲಿ ಜಾಹೀರಾತು ಕೊಡುವುದಿಲ್ಲ. ‘ಪ್ಲೇ’ ಗುಂಡಿಯನ್ನು ಮೊದಲ ಸಲ ಒತ್ತಿದಾಗ ಜೂಜಿನ ಆ್ಯಪ್‌ನ ಪುಟವೊಂದು ತೆರೆದುಕೊಳ್ಳುತ್ತದೆ. ಹಿಂದಕ್ಕೆ ಬಂದು ಮತ್ತೆ ಒತ್ತಿದರೆ, ನೀವು ರೋಬೋಟ್ ಅಲ್ಲವೆಂದು ತೋರಿಸಲು ‘ಅಲೋ’ ಒತ್ತಿ ಎನ್ನುವ ಸೂಚನೆ ಬರುತ್ತದೆ. ಅದಕ್ಕೂ ಒಪ್ಪಿದರೆ, ಚಿತ್ರ ನೋಡಲು ವಿಶೇಷ ಪ್ಲೇಯರ್ ಬೇಕೆಂದು ಹೇಳಿ ಎಪಿಕೆ ಕಡತವೊಂದನ್ನು, ಅಂದರೆ ಆಂಡ್ರಾಯ್ಡ್ ಫೋನಿಗೆ ಆ್ಯಪ್ ಹಾಕುವ ಕಡತವನ್ನು, ಇಳಿಸುತ್ತದೆ. ಅಪಾಯದ ಬಹುಪಾಲು ಇರುವುದು ಚಿತ್ರದಲ್ಲಲ್ಲ, ಅದು ಶುರುವಾಗುವ ಮೊದಲು ನಾವೇ ಕೈಯಾರೆ ಕೊಡುವ ಅನುಮತಿಗಳಲ್ಲಿ. ವಿಡಿಯೊ ತೋರಿಸುವ ಯಾವ ಆ್ಯಪ್‌ಗೂ ನಿಮ್ಮ ಎಸ್‌ಎಂಎಸ್ ಓದುವ ಅಗತ್ಯವಿಲ್ಲ. ಅದು ಓದಲು ಕೇಳುತ್ತಿದೆಯೆಂದರೆ ಬ್ಯಾಂಕಿನ ಒಟಿಪಿಯ ಮೇಲೆ ಅದರ ಕಣ್ಣಿದೆ ಎಂದೇ ತಿಳಿಯಬೇಕು. ಕಂಪ್ಯೂಟರಿನಲ್ಲಾದರೆ ಕಡತದ ಹೆಸರಿನ ಬಾಲವನ್ನು ನೋಡಬೇಕು. ವಿಂಡೋಸ್ ಅದನ್ನು ಸಾಮಾನ್ಯವಾಗಿ ಮರೆಮಾಡಿರುತ್ತದೆ. ತೋರಿಸುವಂತೆ ಮಾಡಿಕೊಂಡರೆ ‘ಎಂಪಿ4’ ಎಂದು ಕಂಡದ್ದು ‘ಎಂಪಿ4.ಇಎಕ್ಸ್‌ಇ’ ಆಗಿರುವುದು, ಅಂದರೆ ಅದು ವಿಡಿಯೊ ಅಲ್ಲ, ಪ್ರೋಗ್ರಾಂ ಎಂಬುದು ಗೊತ್ತಾಗಬಹುದು.

ಬರೀ ‘ಅಲೋ’ ಒತ್ತಿದ್ದರೆ, ಅಂದರೆ ನೋಟಿಫಿಕೇಶನ್ ಕಳಿಸಲು ಆ ತಾಣಕ್ಕೆ ಅನುಮತಿ ಕೊಟ್ಟಿದ್ದರೆ, ಪರಿಹಾರ ಸುಲಭ: ಕ್ರೋಮ್‌ನ ಸೆಟ್ಟಿಂಗ್ಸ್‌ನಲ್ಲಿ ಸೈಟ್ ಸೆಟ್ಟಿಂಗ್ಸ್, ಅದರೊಳಗೆ ನೋಟಿಫಿಕೇಶನ್ಸ್ ತೆರೆದು, ಪರಿಚಯವಿಲ್ಲದ ವಿಳಾಸಗಳನ್ನೆಲ್ಲ ತೆಗೆದುಹಾಕಿದರೆ ಸಾಕು. ಎಪಿಕೆಯನ್ನೇ ಹಾಕಿಕೊಂಡಿದ್ದರೆ ಮಾತ್ರ ಕೆಲಸದ ಕ್ರಮ ಮುಖ್ಯ. ಮೊದಲು ಫೋನನ್ನು ಏರೋಪ್ಲೇನ್ ಮೋಡ್‌ಗೆ ಹಾಕಿ, ವೈಫೈ ಕೂಡ ಆರಿಸಬೇಕು. ಆಮೇಲೆ ಸೆಟ್ಟಿಂಗ್ಸ್‌ನಲ್ಲಿ, ಆ್ಯಪ್‌ಗಳಿಗೆ ಫೋನಿನ ಮೇಲೆ ಹೆಚ್ಚಿನ ಅಧಿಕಾರ ಕೊಡುವ ಆಕ್ಸೆಸಿಬಿಲಿಟಿ ಪಟ್ಟಿಯಲ್ಲೂ ಡಿವೈಸ್ ಅಡ್ಮಿನ್ ಪಟ್ಟಿಯಲ್ಲೂ ಆ ಆ್ಯಪ್‌ನ ಅನುಮತಿಯನ್ನು ರದ್ದುಮಾಡಿ, ಬಳಿಕವಷ್ಟೇ ಅದನ್ನು ಅಳಿಸಬೇಕು, ಏಕೆಂದರೆ ಆ ಅಧಿಕಾರ ಇರುವತನಕ ಅಳಿಸುವ ಗುಂಡಿ ಕೆಲಸ ಮಾಡದೆ ಹೋಗಬಹುದು. ಹಾಗಾದಲ್ಲಿ, ನಾವು ಹಾಕಿಕೊಂಡ ಆ್ಯಪ್‌ಗಳು ಓಡದ ಸೇಫ್ ಮೋಡ್‌ನಲ್ಲಿ ಪ್ರಯತ್ನಿಸಿ, ಅದೂ ಫಲಿಸದಿದ್ದರೆ ಫೋನಿನಲ್ಲಿರುವುದನ್ನೆಲ್ಲ ಅಳಿಸುವ ಫ್ಯಾಕ್ಟರಿ ರೀಸೆಟ್ ಮಾಡುವುದೇ ಲೇಸು. ಬ್ಯಾಂಕಿನ ಮತ್ತು ಇಮೇಲಿನ ಪಾಸ್‌ವರ್ಡುಗಳನ್ನು ಬೇರೊಂದು ಫೋನಿನಿಂದ ಬದಲಿಸಬೇಕೇ ಹೊರತು ಅದೇ ಫೋನಿನಿಂದಲ್ಲ. ಹಣ ಹೋಗಿದ್ದರೆ ತಡಮಾಡದೆ ಬ್ಯಾಂಕಿಗೆ ತಿಳಿಸಿ, ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಬೇಕು. ಹಣವನ್ನು ಮುಂದಿನ ಖಾತೆಗೆ ದಾಟದಂತೆ ತಡೆಯುವುದು ಎಷ್ಟು ಬೇಗ ತಿಳಿಸಿದಿರಿ ಎಂಬುದನ್ನೇ ಅವಲಂಬಿಸಿದೆ.

ಹೊರದೇಶದಲ್ಲಿರುವ ಕನ್ನಡಿಗರು, ಅದರಲ್ಲೂ ಜರ್ಮನಿಗೆ ಓದಲು ಹೋದವರು, ಟೊರೆಂಟ್‌ನಿಂದ ದೂರವಿರಬೇಕು. ಬಳಕೆದಾರರು ತಮ್ಮತಮ್ಮಲ್ಲೇ ಕಡತ ಹಂಚಿಕೊಳ್ಳುವ ಈ ವ್ಯವಸ್ಥೆ, ಇಳಿಸಿಕೊಳ್ಳುವಾಗಲೇ ಇತರರಿಗೆ ಹಂಚುತ್ತಲೂ ಇರುತ್ತದೆ; ಆ ಹಂಚಿಕೆಯನ್ನು ಹಿಡಿದು ಹಕ್ಕುದಾರರ ವಕೀಲರು ಇಂಟರ್ನೆಟ್ ಸಂಪರ್ಕ ಯಾರ ಹೆಸರಿನಲ್ಲಿದೆಯೋ ಅವರಿಗೆ ನೂರಾರು ಯೂರೋ ಕೇಳಿ ಪತ್ರ ಬರೆಯುವುದು ಅಲ್ಲಿ ಮಾಮೂಲು.

ನಿರ್ಮಾಪಕರ ನಷ್ಟವನ್ನು ಅಳೆಯುವುದು ಕಷ್ಟ, ಏಕೆಂದರೆ ಕದ್ದು ನೋಡಿದವರೆಲ್ಲ ಟಿಕೆಟ್ ಕೊಳ್ಳುತ್ತಿದ್ದರೆಂದು ಹೇಳಲಾಗದು. ಆದರೆ ಏಟು ಬೀಳುವ ಜಾಗ ಸ್ಪಷ್ಟವಾಗಿದೆ. ಮೊದಲ ಮೂರು ದಿನಗಳ ಗಳಿಕೆ ಕುಸಿದರೆ ಸೋಮವಾರದಿಂದ ಪ್ರದರ್ಶನಗಳು ಕಡಿಮೆಯಾಗುತ್ತವೆ, ಒಟಿಟಿಯವರ ಜತೆಗಿನ ಮಾತುಕತೆಯೂ ಅದೇ ಗಳಿಕೆಯ ಮೇಲೆ ನಡೆಯುತ್ತದೆ. ದೊಡ್ಡ ತಾರೆಯ ಚಿತ್ರ ಇದನ್ನು ಹೇಗೋ ತಡೆದುಕೊಂಡೀತು. ಬಾಯಿಮಾತಿನಿಂದಲೇ ಎರಡನೆಯ ವಾರಕ್ಕೆ ಕುದುರಿಕೊಳ್ಳಬೇಕಾದ ಹೊಸಬರ ಚಿತ್ರಕ್ಕೆ ಆ ಎರಡನೆಯ ವಾರವೇ ಸಿಗುವುದಿಲ್ಲ. 2023ರಲ್ಲಿ ತಿದ್ದುಪಡಿಯಾದ ಸಿನಿಮಾಟೋಗ್ರಾಫ್ ಕಾಯ್ದೆಯ ಪ್ರಕಾರ ಚಿತ್ರಮಂದಿರದಲ್ಲಿ ಅನುಮತಿಯಿಲ್ಲದೆ ಚಿತ್ರೀಕರಿಸುವವರಿಗೆ 3 ತಿಂಗಳಿಂದ 3 ವರ್ಷಗಳವರೆಗೆ ಸೆರೆವಾಸ ಹಾಗೂ 3 ಲಕ್ಷ ರೂಪಾಯಿಯಿಂದ ಹಿಡಿದು ಚಿತ್ರದ ನಿರ್ಮಾಣ ವೆಚ್ಚದ ಶೇಕಡ 5ರವರೆಗೆ ದಂಡ ವಿಧಿಸಬಹುದು. ಡಿಜಿಟಲ್ ಪ್ರದರ್ಶನದ ಬಿಂಬದಲ್ಲಿ ಕಣ್ಣಿಗೆ ಕಾಣದ ಗುರುತೊಂದನ್ನು ಬೆರೆಸುವ ವ್ಯವಸ್ಥೆ ಇರುವುದರಿಂದ, ಕಳ್ಳಪ್ರತಿ ಯಾವ ಚಿತ್ರಮಂದಿರದ್ದು, ಯಾವ ಹೊತ್ತಿನದು ಎಂಬುದನ್ನೂ ಪತ್ತೆಮಾಡಬಹುದು.

ದೂರು ಕೊಡಬೇಕೆಂದರೆ ಲಿಂಕ್‌ನ ಪೂರ್ಣ ವಿಳಾಸ, ದಿನಾಂಕ ಮತ್ತು ಪರದೆಚಿತ್ರವನ್ನು ಚಿತ್ರತಂಡಕ್ಕೆ ಖಾಸಗಿಯಾಗಿ ಕಳುಹಿಸಬೇಕು. ‘ನೋಡಿ, ಸೋರಿಕೆಯಾಗಿದೆ’ ಎಂದು ಲಿಂಕ್ ಸಮೇತ ಫೇಸ್‌ಬುಕ್ಕಿನಲ್ಲಿ ಮರುಗುವ ಅಭಿಮಾನಿಗಳು ಪುಕ್ಕಟೆ ಪ್ರಚಾರ ಕೊಡುತ್ತಿದ್ದಾರೆಂಬುದನ್ನು ಮರೆಯುತ್ತಾರೆ. ಕೇಂದ್ರದ ವಾರ್ತಾ ಮತ್ತು ಪ್ರಸಾರ ಸಚಿವಾಲಯವು 2023ರ ನವೆಂಬರ್‌ನಲ್ಲಿ ಇಂಥ ದೂರುಗಳನ್ನು ನೋಡಿಕೊಳ್ಳಲೆಂದೇ ನೋಡಲ್ ಅಧಿಕಾರಿಗಳನ್ನು ನೇಮಿಸಿದ್ದು, ಅವರ ಸೂಚನೆ ಬಂದ 48 ಗಂಟೆಗಳಲ್ಲಿ ಜಾಲತಾಣದವರು ಆ ಪ್ರತಿಯನ್ನು ತೆಗೆಯಬೇಕು. ಹಕ್ಕುದಾರರಲ್ಲದವರೂ ದೂರಬಹುದು, ಆದರೆ ಆಗ ಅಧಿಕಾರಿ ಸತ್ಯಾಸತ್ಯತೆ ವಿಚಾರಿಸಬೇಕಾಗುವುದರಿಂದ ನಿರ್ಮಾಪಕರ ಮೂಲಕ ಹೋಗುವುದೇ ಬೇಗ.

ಹಲವು ಒಳ್ಳೆಯ ಕನ್ನಡ ಚಿತ್ರಗಳು ಯಾವ ಒಟಿಟಿಯಲ್ಲೂ ಸಿಗುವುದಿಲ್ಲ ಎಂಬ ಪ್ರೇಕ್ಷಕರ ದೂರಿನಲ್ಲಿ ಹುರುಳಿದೆ. ಆದರೂ ಹಳೆಯ ಚಿತ್ರಗಳು ಹಕ್ಕುದಾರರದೇ ಯೂಟ್ಯೂಬ್ ಚಾನೆಲ್‌ಗಳಲ್ಲಿ ಉಚಿತವಾಗಿ ಸಿಗುವುದುಂಟು. ಮೊದಲು ಅಲ್ಲಿ ಹುಡುಕಬೇಕು. ಅಲ್ಲಿಯೂ ಕಳ್ಳಪ್ರತಿಗಳಿವೆ. ಯಂತ್ರದ ಪರಿಶೀಲನೆಯಿಂದ ತಪ್ಪಿಸಿಕೊಳ್ಳಲು ಬಿಂಬವನ್ನು ಎಡಬಲ ತಿರುಗಿಸಿರುತ್ತಾರೆ. ಅಂಗಡಿಯ ಬೋರ್ಡಿನ ಕನ್ನಡ ಅಕ್ಷರಗಳು ಕನ್ನಡಿಯಲ್ಲಿ ಕಂಡಂತೆ ತಿರುಗುಮುರುಗಾಗಿದ್ದರೆ ಆ ಚಾನೆಲ್ ಹಕ್ಕುದಾರರದಲ್ಲ.