ಯಾವುದರ ಮುಕ್ಕಾಲು? ವಾಕ್ಯರೂಪದ ಭಿನ್ನರಾಶಿ ಲೆಕ್ಕಗಳನ್ನು ಬಿಡಿಸುವ ಕ್ರಮ

ಭಿನ್ನರಾಶಿಗಳನ್ನು ಸಲೀಸಾಗಿ ಕೂಡಿಸಿ, ಗುಣಿಸಿ ಉತ್ತರ ಬರೆಯುವ ಮಕ್ಕಳು ಕೂಡ ಅದೇ ಲೆಕ್ಕ ವಾಕ್ಯರೂಪದಲ್ಲಿ ಬಂದಾಗ ತಡವರಿಸುತ್ತಾರೆ. ಹೆಚ್ಚಿನ ಸಂದರ್ಭಗಳಲ್ಲಿ ತೊಡಕಿರುವುದು ಗುಣಾಕಾರ, ಭಾಗಾಕಾರಗಳಲ್ಲಿ ಅಲ್ಲ. ಪ್ರಶ್ನೆಯಲ್ಲಿ ಹೇಳಿದ ಭಾಗವು ಯಾವುದರ ಭಾಗವೆಂದು ಗೊತ್ತುಮಾಡಿಕೊಳ್ಳದೆ ಲೆಕ್ಕಕ್ಕೆ ಇಳಿಯುವುದರಲ್ಲಿ. ಆದ್ದರಿಂದ ಪ್ರತಿಯೊಂದು ಭಿನ್ನರಾಶಿಯ ಕೆಳಗೂ ಅದು ಯಾವುದರ ಭಾಗ ಎಂಬುದನ್ನು ಮೊದಲು ಬರೆದುಕೊಳ್ಳಬೇಕು.

ಶಂಕರಪುರದ ಮಲ್ಲಿಗೆಯನ್ನೇ ತೆಗೆದುಕೊಳ್ಳೋಣ. ಇದರ ವ್ಯಾಪಾರ ನಡೆಯುವುದು ಚೆಂಡು ಮತ್ತು ಅಟ್ಟೆಗಳ ಲೆಕ್ಕದಲ್ಲಿ; 4 ಚೆಂಡು ಸೇರಿದರೆ 1 ಅಟ್ಟೆ, ಅಂದರೆ ಒಂದು ಚೆಂಡು ಕಾಲು ಅಟ್ಟೆಗೆ ಸಮ. ಬೆಳೆಗಾರರೊಬ್ಬರು ತಮ್ಮಲ್ಲಿದ್ದ 6 ಅಟ್ಟೆ ಮಲ್ಲಿಗೆಯ 1/3 ಭಾಗವನ್ನು ಉಡುಪಿಗೂ ಉಳಿದುದರ 3/4 ಭಾಗವನ್ನು ಮಂಗಳೂರಿಗೂ ಕಳುಹಿಸಿದರೆ, ಅವರ ಬಳಿ ಉಳಿದ ಹೂವೆಷ್ಟು?

ಎರಡು ಭಿನ್ನರಾಶಿಗಳು ಕಂಡೊಡನೆ ಕೂಡಿಸಲು ಹೊರಟವರಿಗೆ, ಛೇದಗಳ ಲ.ಸಾ.ಅ. 12 ಆಗಿ, 4/12 ಮತ್ತು 9/12 ಸೇರಿ 13/12 ದೊರೆಯುತ್ತದೆ. ಇದ್ದುದಕ್ಕಿಂತ ಹೆಚ್ಚು ಹೂವನ್ನು ಕಳುಹಿಸಿದಂತಾಯಿತು! ಇಲ್ಲಿ ತಪ್ಪು ತಾನಾಗಿಯೇ ಬಯಲಾಯಿತು. ಆದರೆ 3/4ರ ಬದಲು ‘ಉಳಿದುದರ 1/2’ ಎಂದಿದ್ದರೆ ಮೊತ್ತ 5/6 ಆಗಿ, ಅದೇ ತಪ್ಪು ಯಾರ ಕಣ್ಣಿಗೂ ಬೀಳದೆ ದಾಟಿಹೋಗುತ್ತಿತ್ತು. ಸರಿಯಾದ ದಾರಿಯಲ್ಲಿ 1/3ರ ಕೆಳಗೆ ‘6 ಅಟ್ಟೆಯ ಭಾಗ’ ಎಂದು ಬರೆದು 6 × 1/3 = 2 ಅಟ್ಟೆಯನ್ನು ಕಳೆದರೆ 4 ಅಟ್ಟೆ ಉಳಿಯುತ್ತದೆ; 3/4 ಎಂಬುದು ಈ 4 ಅಟ್ಟೆಯ ಭಾಗವಾದ್ದರಿಂದ ಮಂಗಳೂರಿಗೆ ಹೋದದ್ದು 3 ಅಟ್ಟೆ. ಉಳಿದದ್ದು 1 ಅಟ್ಟೆ, ಅಂದರೆ 4 ಚೆಂಡು.

ಒಂದೇ ಅಳತೆಯ ಪಾಲು ಎಷ್ಟು ಬಾರಿ ಸಿಗುತ್ತದೆ ಎಂದು ಕೇಳಿದರೆ ಭಾಗಿಸಬೇಕು. 5 ಲೀಟರ್ ತೆಂಗಿನೆಣ್ಣೆಯನ್ನು ಮುಕ್ಕಾಲು ಲೀಟರ್ ಹಿಡಿಯುವ ಬಾಟಲಿಗಳಿಗೆ ತುಂಬಿಸಲು 5 ÷ 3/4, ಅಂದರೆ 5 × 4/3 = 20/3, ಎಂದರೆ 6 ಪೂರ್ಣಾಂಕ 2/3. ಬಹಳ ಮಂದಿ ಇಲ್ಲಿ 2/3 ಲೀಟರ್ ಎಣ್ಣೆ ಉಳಿಯಿತೆಂದು ಬರೆದುಬಿಡುತ್ತಾರೆ. ಆದರೆ ಉತ್ತರ ಬಂದಿರುವುದು ಬಾಟಲಿಗಳ ಲೆಕ್ಕದಲ್ಲಿ; ಆ 2/3 ಒಂದು ಬಾಟಲಿಯ ಭಾಗವೇ ಹೊರತು ಲೀಟರಿನದ್ದಲ್ಲ. ಉಳಿದ ಎಣ್ಣೆ 3/4 × 2/3 = 1/2 ಲೀಟರ್. ಎಷ್ಟು ಬಾಟಲಿ ಬೇಕು ಎಂಬ ಪ್ರಶ್ನೆಗೆ ಉತ್ತರ 7, ಎಷ್ಟು ಬಾಟಲಿ ಪೂರ್ತಿ ತುಂಬುತ್ತವೆ ಎಂದರೆ 6. ಲೆಕ್ಕ ಮುಗಿದ ಮೇಲೂ ಪ್ರಶ್ನೆಯನ್ನು ಇನ್ನೊಮ್ಮೆ ಓದಬೇಕೆನ್ನುವುದು ಇದಕ್ಕಾಗಿಯೇ.

ಒಂದೂಕಾಲು, ಎರಡೂವರೆ ಮುಂತಾದ ಮಿಶ್ರ ಭಿನ್ನರಾಶಿಗಳನ್ನು ಗುಣಿಸುವ ಅಥವಾ ಭಾಗಿಸುವ ಮೊದಲು 5/4, 5/2 ಎಂದು ವಿಷಮ ಭಿನ್ನರಾಶಿಗಳಾಗಿ ಬರೆದುಕೊಂಡರೆ ಸಾಕು. ಅದರಲ್ಲಿ ಹೆಚ್ಚೇನೂ ಕಷ್ಟವಿಲ್ಲ.

ಜಾಗದ ಲೆಕ್ಕದಲ್ಲಿ ಉತ್ತರವನ್ನು ಬಳಕೆಯ ಅಳತೆಗೆ ತಂದರೆ ಸರಿತಪ್ಪು ಬೇಗ ತಿಳಿಯುತ್ತದೆ. ಮುಕ್ಕಾಲು ಎಕರೆ ತೋಟದ 2/5 ಭಾಗದಲ್ಲಿ ಅಡಿಕೆ ಹಾಕಿದ್ದರೆ ಅದು 3/4 × 2/5 = 3/10 ಎಕರೆ. ನಮ್ಮ ಕರಾವಳಿಯಲ್ಲಿ ಜಾಗದ ಮಾತೆಲ್ಲ ಸೆಂಟ್ಸಿನಲ್ಲೇ ನಡೆಯುವುದರಿಂದ, 100 ಸೆಂಟ್ಸಿಗೆ 1 ಎಕರೆಯಂತೆ ಇದು 30 ಸೆಂಟ್ಸ್. 40 ಸೆಂಟ್ಸ್ ಎಂದು ಬರೆದವರು ಮುಕ್ಕಾಲನ್ನು ಮರೆತು ಇಡೀ ಎಕರೆಯ 2/5 ಭಾಗವನ್ನು ತೆಗೆದಿರುತ್ತಾರೆ.