ಕ್ರುಮ್‌ಕಾಕೆ: ಬೇಯಿಸೋದು ಸುಲಭ, ಬಾಗಿಸೋದೇ ಕೆಲಸ

ಕ್ರುಮ್‌ಕಾಕೆ ನಾರ್ವೆಯ ತೆಳ್ಳನೆ, ಗರಿಗರಿ ಸಿಹಿ ತಿಂಡಿ. ಅದನ್ನು ಮಾಡಲು ಎರಡು ಸಾಮಾನು ಬೇಕೇ ಬೇಕು. ಒಂದು, ಒಳಗಡೆ ಚಿತ್ತಾರ ಕೆತ್ತಿದ ಎರಡು ತಟ್ಟೆಯ ಕಬ್ಬಿಣದ ಅಚ್ಚು. ಇನ್ನೊಂದು, ಹಿಡಿ ಇರುವ ಮರದ ಕೋನು. ಅಚ್ಚಿನಲ್ಲಿ ಬೇಯುತ್ತದೆ, ಕೋನಿನ ಮೇಲೆ ಬಾಗುತ್ತದೆ. ನಾರ್ವೆಯವರು ಹೆಸರಿಟ್ಟಿರುವುದು ಈ ಎರಡನೇ ಕೆಲಸಕ್ಕೆ. ಅವರ ಮಾತಿನಲ್ಲಿ 'ಕ್ರುಮ್' ಅಂದರೆ ಬಾಗಿದ್ದು. 'ಕಾಕೆ' ಅಂದರೆ ಕೇಕು.

ನಾರ್ವೆಯ ಸ್ಟವಾಂಗರ್ ಊರಿಗೆ ಬಂದ ಹೊಸದರಲ್ಲಿ ಈ ಹೆಸರು ನನಗೆ ತೀರಾ ಸಪ್ಪೆ ಅನಿಸುತ್ತಿತ್ತು. ಬೆಣ್ಣೆ, ಏಲಕ್ಕಿ ಘಮಘಮ ಅನ್ನುತ್ತದೆ. ಮೈತುಂಬಾ ಬಳ್ಳಿ, ಹೂವಿನ ಅಚ್ಚು. ಬಾಯಿಗಿಟ್ಟರೆ ಗರಿಗರಿ ಮುರಿದು ಕರಗಿ ಹೋಗುತ್ತದೆ. ಇಂಥ ತಿಂಡಿಗೆ 'ಬಾಗಿದ ಕೇಕು' ಅಂತ ಯಾಕಾದರೂ ಹೆಸರಿಟ್ಟರೋ ಅಂದುಕೊಳ್ಳುತ್ತಿದ್ದೆ. ನಾನೇ ಮಾಡಲು ಶುರು ಮಾಡಿದ ಮೇಲೆ ಅದಕ್ಕಿಂತ ಒಳ್ಳೆ ಹೆಸರು ಇಲ್ಲ ಅನಿಸಿತು. ಹಿಟ್ಟು ಕಲಸಲು ಯಾರಿಗಾದರೂ ಬರುತ್ತದೆ. ಬೇಯಿಸೋದನ್ನು ಅಚ್ಚೇ ನೋಡಿಕೊಳ್ಳುತ್ತದೆ. ಅಚ್ಚಿನಿಂದ ತೆಗೆದ ಮೇಲಿನ ನಾಲ್ಕೈದು ಸೆಕೆಂಡು ಮಾತ್ರ ನಮ್ಮ ಕೈಯಲ್ಲಿರುವುದು. ಅಷ್ಟರಲ್ಲಿ ಬಾಗಿಸಿದರೆ ಕ್ರುಮ್‌ಕಾಕೆ. ಬಾಗಿಸದಿದ್ದರೆ ಬರೀ ತೆಳ್ಳನೆ ಬಿಲ್ಲೆ.

ಆ ತೆಳ್ಳನೆ ಬಿಲ್ಲೆಗೂ ನಾರ್ವೆಯಲ್ಲಿ ಬೇರೆಯೇ ಹೆಸರಿದೆ, 'ಅವ್ಲೆಟ್' ಅಂತ. ಅದರ ಬೇರು ಲ್ಯಾಟಿನ್‌ನ 'ಒಬ್ಲಾತಾ'. ಅಂದರೆ ಅರ್ಪಿಸಿದ್ದು. ಚರ್ಚಿನಲ್ಲಿ ಪ್ರಸಾದವಾಗಿ ಕೊಡುವ ತೆಳುವಾದ ರೊಟ್ಟಿಯನ್ನು ಹಾಗೆ ಕರೆಯುತ್ತಿದ್ದರು. ಅದನ್ನು ಬೇಯಿಸುತ್ತಿದ್ದದ್ದೂ ಎರಡು ತಟ್ಟೆಯ ಕಬ್ಬಿಣದ ಅಚ್ಚಿನಲ್ಲೇ. ಯುರೋಪಿನ ತೆಳು ವೇಫರ್‌ಗಳ ಹಿಂದೆಲ್ಲ ಈ ಅಚ್ಚಿನ ನೆರಳಿದೆ. ಚರ್ಚಿನ ರೊಟ್ಟಿಗೆ ಹಿಟ್ಟು, ನೀರು ಅಷ್ಟೇ. ಮನೆಯ ಅಚ್ಚಿಗೆ ಬೆಣ್ಣೆ, ಸಕ್ಕರೆ, ಮೊಟ್ಟೆ ಬಂತು. ಇಷ್ಟು ತಿಳಿದ ಮೇಲೆ ನನಗೆ 'ಕ್ರುಮ್' ಅನ್ನೋದರ ತೂಕ ಗೊತ್ತಾಯಿತು. ಚಪ್ಪಟೆ ಇರುವುದು ಒಂದು, ಬಾಗಿಸಿದ್ದು ಇನ್ನೊಂದು. ಬಾಗಿಸುವುದರಲ್ಲೇ ವ್ಯತ್ಯಾಸ ಇರುವಾಗ ಹೆಸರೂ ಅದನ್ನೇ ಹೇಳಬೇಕಲ್ವಾ?

'ಕಾಕೆ'ಯ ಕತೆಯೂ ಚೆನ್ನಾಗಿದೆ. ವೈಕಿಂಗರ ಕಾಲದ ಹಳೆ ನಾರ್ಸ್ ಭಾಷೆಯಲ್ಲಿ ಅದು 'ಕಾಕಾ'. ಇಂಗ್ಲಿಷಿನವರು 'ಕೇಕ್' ಅನ್ನು ಅಲ್ಲಿಂದಲೇ ತೆಗೆದುಕೊಂಡರು. ನಾವು ಇಂಗ್ಲಿಷಿನಿಂದ ತಂದು 'ಕೇಕು' ಮಾಡಿಕೊಂಡೆವು. ಮೆತ್ತಗಿದ್ದರೆ ಮಾತ್ರ ಕೇಕು ಅಂತ ನಮಗೆ ಅಭ್ಯಾಸ ಆಗಿದೆ. ಇಲ್ಲಿ ಹಾಗಿಲ್ಲ. ಗರಿಗರಿ ಬಿಸ್ಕತ್ತೂ 'ಸ್ಮೋಕಾಕೆ', ಅಂದರೆ ಸಣ್ಣ ಕೇಕು.

ಕ್ರಿಸ್‌ಮಸ್ ಹತ್ತಿರ ಬಂದಾಗ ಈ ಸಣ್ಣ ಕೇಕುಗಳ ಕಾರುಬಾರು ಜೋರು. ಮನೆಯಲ್ಲಿ ಏಳು ಬಗೆ ಮಾಡಬೇಕು ಅನ್ನೋದು ಹಳೇ ಪದ್ಧತಿ. ಯಾವ ಏಳು ಅನ್ನೋದು ಊರಿಂದ ಊರಿಗೆ, ಮನೆಯಿಂದ ಮನೆಗೆ ಬೇರೆ. ಕ್ರುಮ್‌ಕಾಕೆ ಮಾತ್ರ ಹೆಚ್ಚಿನ ಪಟ್ಟಿಗಳಲ್ಲಿ ಇರುತ್ತದೆ. ಜೊತೆಗಿರುವ ಉಳಿದವರ ಹೆಸರು ಕೇಳಬೇಕು. 'ಫಟ್ಟಿಗ್‌ಮನ್' ಅಂದರೆ ಬಡವ. ಅದಕ್ಕೆ ಬೀಳುವ ಹಳದಿ ಲೋಳೆ, ಕೆನೆ ನೋಡಿದರೆ ಮಾಡಿದವನು ಬಡವನಾಗುವುದೇ ಸರಿ ಅಂತ ಜನ ಹೇಳುತ್ತಾರೆ. 'ಗೂರೂ' ಅಂತ ಇನ್ನೊಂದಿದೆ. ಅದೂ ಅಚ್ಚಿನದೇ, ಆದರೆ ಆಯತಾಕಾರ, ಬಾಗಿಸುವುದಿಲ್ಲ. ಆ ಹೆಸರು 'ಒಳ್ಳೆ ಅನುಕೂಲ' ಅನ್ನೋ ಮಾತಿನಿಂದ ಬಂತು, ಕೈತುಂಬಾ ಅನುಕೂಲ ಇದ್ದವರು ಮಾಡುವ ತಿಂಡಿ ಅದು ಅಂತ ಇಲ್ಲಿ ಹೇಳುವ ರೂಢಿ. ಒಂದರ ಹೆಸರು ಖರ್ಚನ್ನು ಹೇಳುತ್ತದೆ, ಇನ್ನೊಂದರದ್ದು ಅನುಕೂಲವನ್ನು. ಕ್ರುಮ್‌ಕಾಕೆ ಒಂದೇ ಕೈಕೆಲಸವನ್ನು ಹೇಳುತ್ತದೆ. ನನಗೆ ಅದು ಅದಕ್ಕೇ ಹೆಚ್ಚು ಇಷ್ಟ.

ಇನ್ನು ಮಾಡುವ ವಿಷಯಕ್ಕೆ ಬರುತ್ತೇನೆ. ನನಗೆ ಕಲಿಸಿದ್ದು ಪಕ್ಕದ ಮನೆಯ ವಯಸ್ಸಾದ ಹೆಂಗಸು. ಅವರ ಅಳತೆ ಬಾಯಲ್ಲೇ ಇತ್ತು: ಮೊಟ್ಟೆ ಎಷ್ಟು ತೂಗುತ್ತದೋ ಅಷ್ಟೇ ಸಕ್ಕರೆ, ಅಷ್ಟೇ ಬೆಣ್ಣೆ, ಅಷ್ಟೇ ಹಿಟ್ಟು. 3 ಮೊಟ್ಟೆ ಸಿಪ್ಪೆ ಬಿಟ್ಟು ಸುಮಾರು 150 ಗ್ರಾಂ ಬರುತ್ತದೆ. ಹಾಗಾಗಿ ಸಕ್ಕರೆ, ಬೆಣ್ಣೆ, ಹಿಟ್ಟು ಒಂದೊಂದೂ 150 ಗ್ರಾಂ. ನಾನು ಹಿಟ್ಟಿನಲ್ಲಿ 100 ಗ್ರಾಂ ಮೈದಾ, 50 ಗ್ರಾಂ ಆಲೂಗಡ್ಡೆ ಸ್ಟಾರ್ಚ್ ಹಾಕುತ್ತೇನೆ. ಗರಿ ಜಾಸ್ತಿ ಬರುತ್ತದೆ. ಬೆಂಗಳೂರಲ್ಲಿ ಮಾಡುವವರು ಕಾರ್ನ್‌ಫ್ಲೋರ್ ಹಾಕಬಹುದು.

ಮೊಟ್ಟೆ, ಸಕ್ಕರೆ ಸೇರಿಸಿ ಬಣ್ಣ ತಿಳಿಯಾಗಿ ನೊರೆ ಏಳುವ ತನಕ ಚೆನ್ನಾಗಿ ಕಡೆಯಬೇಕು. ಬೆಣ್ಣೆ ಕರಗಿಸಿ, ಬೆರಳಿಟ್ಟರೆ ಬೆಚ್ಚಗೆ ಅನಿಸುವಷ್ಟು ಆರಿದ ಮೇಲೆ ಹಾಕಬೇಕು. ಕುದಿ ಬೆಣ್ಣೆ ಹಾಕಿದರೆ ಮೊಟ್ಟೆ ಅಲ್ಲೇ ಬೆಂದುಹೋಗುತ್ತದೆ. ಆಮೇಲೆ ಜರಡಿ ಹಿಡಿದ ಹಿಟ್ಟು. ಗಂಟಿಲ್ಲದ ಹಾಗೆ ಕಲಸಿ ಅರ್ಧ ಗಂಟೆ ಸುಮ್ನೆ ಬಿಡಿ. ಹಿಟ್ಟು ನೀರು ಹೀರಿಕೊಂಡು ಸ್ವಲ್ಪ ಗಟ್ಟಿಯಾಗುತ್ತದೆ. ಕೊನೆಗೆ ಹದ ದೋಸೆ ಹಿಟ್ಟಿಗಿಂತ ಗಟ್ಟಿ, ಇಡ್ಲಿ ಹಿಟ್ಟಿಗಿಂತ ತೆಳುವಾಗಿರಬೇಕು. ಗಟ್ಟಿ ಅನಿಸಿದರೆ ಒಂದೆರಡು ಚಮಚ ತಣ್ಣೀರು ಸಾಕು.

ಏಲಕ್ಕಿಯ ಬಗ್ಗೆ ಒಂದು ಮಾತು. ಇಲ್ಲಿನವರು ಬನ್ನಿಗೂ ಏಲಕ್ಕಿ, ವಾಫಲ್‌ಗೂ ಏಲಕ್ಕಿ ಹಾಕುವವರು. ಅಂಗಡಿಯಲ್ಲಿ ಸಣ್ಣ ಡಬ್ಬಿಯಲ್ಲಿ ಪುಡಿ ಸಿಗುತ್ತದೆ. ಆದರೆ ಏಲಕ್ಕಿ ಪುಡಿಯಾದ ಮೇಲೆ ಪರಿಮಳ ಬೇಗ ಹಾರಿಹೋಗುತ್ತದೆ. ಈಗ ಜಗತ್ತಿಗೆ ಅತಿ ಹೆಚ್ಚು ಏಲಕ್ಕಿ ಮಾರುವ ದೇಶ ಗ್ವಾಟೆಮಾಲಾ. ಗಿಡದ ತವರು ಮಾತ್ರ ನಮ್ಮ ಪಶ್ಚಿಮ ಘಟ್ಟ. ನಾನು ಸಕಲೇಶಪುರದ ಕಡೆಯವಳು. ಊರಿಂದ ತಂದ ಹಸಿರು ಕಾಯಿ ಬಿಡಿಸಿ, ಕರಿ ಬೀಜವನ್ನಷ್ಟೇ ಒಂದು ಚಿಟಿಕೆ ಸಕ್ಕರೆ ಹಾಕಿ ಕಲ್ಲಿನಲ್ಲಿ ಕುಟ್ಟುತ್ತೇನೆ. ನುಣ್ಣಗೆ ಮಾಡುವುದಿಲ್ಲ, ತರಿತರಿ ಇರಬೇಕು. ಕಚ್ಚಿದಾಗ ಅಲ್ಲಲ್ಲಿ ಸಿಗುತ್ತದೆ. ಈ ಅಳತೆಗೆ ಅರ್ಧ ಟೀ ಚಮಚ ಸಾಕು. ಪಕ್ಕದ ಮನೆಯವರು ಮೊದಲ ಸಲ ಇದನ್ನು ತಿಂದು, ಡಬ್ಬಿಯ ಪುಡಿಯನ್ನು ಎತ್ತಿ ಕಪಾಟಿನ ಹಿಂದೆ ಇಟ್ಟರು. ಅವತ್ತಿಂದ ನಾನು ಊರಿಗೆ ಹೊರಟಾಗಲೆಲ್ಲ ಅವರಿಗೂ ಒಂದು ಪೊಟ್ಟಣ ತರುತ್ತೇನೆ.

ಅಚ್ಚುಗಳಲ್ಲಿ ನನ್ನ ಹತ್ತಿರ ಎರಡಿವೆ. ಜಾಸ್ತಿ ಮಾಡುವಾಗ ಕರೆಂಟಿನದು. ಎರಡೂ ಕಡೆ ಒಂದೇ ಸಲ ಕಾಯುತ್ತದೆ, ಮಗುಚುವ ಕೆಲಸ ಇಲ್ಲ. ಇನ್ನೊಂದು ಎರಕದ ಕಬ್ಬಿಣದ ಹಳೇದು. ಶಾಲಾ ಬ್ಯಾಂಡಿನವರು ಹಣ ಕೂಡಿಸಲು ನಡೆಸುವ ಹಳೇ ಸಾಮಾನಿನ ಸಂತೆಯಲ್ಲಿ ಸಿಕ್ಕಿತು. ಅದರ ಕೆಳಗೆ ಒಂದು ಬಳೆ ಇದೆ. ತಟ್ಟೆಗಳು ಆ ಬಳೆಯ ಮೇಲೆ ಕೂತು, ಹಿಡಿ ತಿರುಗಿಸಿದರೆ ಸಲೀಸಾಗಿ ಮಗುಚಿಕೊಳ್ಳುತ್ತವೆ. ಇದಕ್ಕೂ ಹಿಂದಿನ ಅಚ್ಚುಗಳಿಗೆ ಇಕ್ಕಳದಂಥ ಉದ್ದನೆ ಹಿಡಿ ಇರುತ್ತಿತ್ತು, ಉರಿಯುವ ಬೆಂಕಿಗೇ ಹಿಡಿಯಬೇಕಿತ್ತಲ್ಲ. 19ನೇ ಶತಮಾನದಲ್ಲಿ ಮನೆಗಳಿಗೆ ಕಬ್ಬಿಣದ ಒಲೆ ಬಂದ ಮೇಲೆ ಹಿಡಿ ಗಿಡ್ಡವಾಯಿತು, ಬಳೆ ಸೇರಿಕೊಂಡಿತು. ನನ್ನದು ತುಕ್ಕು ಹಿಡಿದಿತ್ತು. ಉಜ್ಜಿ, ಎಣ್ಣೆ ಸವರಿ, ಕಾಯಿಸಿ, ಮತ್ತೆ ಸವರಿ ಪಳಗಿಸಿದೆ. ನಮ್ಮ ಮನೆಯ ಇಂಡಕ್ಷನ್ ಒಲೆಗೆ ಅದು ಆಗಿಬರುವುದಿಲ್ಲ. ಹಾಗಾಗಿ ಕ್ಯಾಂಪಿಂಗಿಗೆ ಒಯ್ಯುವ ಸಣ್ಣ ಗ್ಯಾಸ್ ಒಲೆಯನ್ನು ಹೊರಗಡೆ ಇಟ್ಟುಕೊಂಡು ಅದರ ಮೇಲೆ ಮಾಡುತ್ತೇನೆ. ಚಿತ್ತಾರ ಆಳವಾಗಿ ಮೂಡುವುದು ಈ ಹಳೇದರಲ್ಲೇ.

ಅಚ್ಚು ಚೆನ್ನಾಗಿ ಕಾದಿರಬೇಕು. ಒಂದು ಹನಿ ನೀರು ಚಿಮುಕಿಸಿದರೆ ಚುರ್ ಅಂದು ಹಾರಬೇಕು. ಒಂದು ದೊಡ್ಡ ಚಮಚ ಹಿಟ್ಟನ್ನು ನಡುವಿಗೆ ಹಾಕಬೇಡಿ, ಕೀಲಿನ ಕಡೆಗೆ ಸ್ವಲ್ಪ ಸರಿಸಿ ಹಾಕಿ. ಮುಚ್ಚಿದಾಗ ತಟ್ಟೆ ಹಿಟ್ಟನ್ನು ಮುಂದಕ್ಕೆ ತಳ್ಳುತ್ತದೆ, ಆಗ ದುಂಡಗೆ ಹರಡಿಕೊಳ್ಳುತ್ತದೆ. ಮುಚ್ಚಿ ಒತ್ತಿದ ಕೂಡಲೇ ಸುತ್ತಲಿಂದ ಹಬೆ ಜೋರಾಗಿ ನುಗ್ಗುತ್ತದೆ. ಗಡಿಯಾರ ನೋಡುವುದಕ್ಕಿಂತ ಈ ಹಬೆ ನೋಡಿ. ಅದು ಕಡಿಮೆಯಾಗಿ ನಿಲ್ಲುವ ಹೊತ್ತಿಗೆ ಒಳಗಿನ ನೀರು ಹೋಗಿರುತ್ತದೆ. ಕರೆಂಟಿನ ಅಚ್ಚಿನಲ್ಲಿ ಒಂದು ನಿಮಿಷದ ಆಸುಪಾಸು ಹಿಡಿಯುತ್ತದೆ. ತೆರೆದರೆ ಅಂಚು ಹೊಂಬಣ್ಣ, ನಡುವೆ ಇನ್ನೂ ತಿಳಿ ಬಣ್ಣ. ಇದೇ ಹದ. ಪೂರ್ತಿ ಕೆಂಪಾಗಲು ಬಿಟ್ಟರೆ ಅಂಚು ಕಹಿಯಾಗುತ್ತದೆ, ಬಾಗಿಸಲು ಸಿಗುವ ಸಮಯವೂ ಕಡಿಮೆ.

ಈಗ ಬಾಗಿಸುವ ಕೆಲಸ. ತೆಳ್ಳನೆ ಚಾಕುವಿನಿಂದ ಒಂದು ಅಂಚು ಎಬ್ಬಿಸಿ, ಬಿಲ್ಲೆಯನ್ನು ಮರದ ಹಲಗೆ ಮೇಲೆ ಹಾಕಿ. ಕೋನಿನ ಚೂಪು ತುದಿ ಬಿಲ್ಲೆಯ ಒಂದು ಅಂಚಿಗೆ ಬರುವ ಹಾಗೆ ಇಡಿ. ಕೈ ಪಕ್ಕದಲ್ಲೇ ಇರುವ ಅಂಚನ್ನು ಕೋನಿನ ಮೇಲೆ ಮಡಚಿ, ಹಾಗೇ ಉರುಳಿಸಿಕೊಂಡು ಹೋಗಿ. ಕೊನೆಯ ಅಂಚು ಅಡಿಗೆ ಬರುತ್ತದೆ. ಆ ಜೋಡಣೆಯನ್ನು ಹಲಗೆಗೆ ಒತ್ತಿ ಹಿಡಿದು ಒಂದು ಉಸಿರು ಬಿಡುವಷ್ಟು ಹೊತ್ತು ಕಾಯಿರಿ. ಅಷ್ಟೇ. ಬೆರಳ ಕೆಳಗೆ ಅದು ಗಟ್ಟಿಯಾಗುವುದು ಗೊತ್ತಾಗುತ್ತದೆ. ಮೊದಲು ಬಟ್ಟೆಯ ಹಾಗೆ ಒಗ್ಗುತ್ತಿದ್ದದ್ದು ಮರುಕ್ಷಣ ಒತ್ತಿದರೆ ಟಕ್ ಅಂತ ಸದ್ದು ಮಾಡುತ್ತದೆ.

ಇದರ ಕಾರಣ ಸಕ್ಕರೆ. ಬಿಸಿಯಲ್ಲಿ ಸಕ್ಕರೆ ಕರಗಿ ಹಿಟ್ಟಿನ ಜೊತೆ ಮೆದುವಾಗಿರುತ್ತದೆ. ಬಿಸಿ ಇಳಿದ ಕೂಡಲೇ ಗಾಜಿನಂತೆ ಬಿಗಿಯುತ್ತದೆ. ಬಿಲ್ಲೆ ತೆಳ್ಳಗಿರುವುದರಿಂದ ಬಿಸಿ ಬಹಳ ಬೇಗ ಇಳಿಯುತ್ತದೆ. ಆಮೇಲೆ ಎಷ್ಟು ಜೋಪಾನ ಮಾಡಿದರೂ ಬಾಗುವುದಿಲ್ಲ, ಮುರಿಯುತ್ತದೆ. "ಯೋಚನೆ ಮಾಡಬೇಡ, ಸುತ್ತು" ಅಂತ ಪಕ್ಕದ ಮನೆಯವರು ಹೇಳುತ್ತಿದ್ದದ್ದು ಇದಕ್ಕೇ. ಬೆರಳು ಸುಡುತ್ತದೆ ಅನ್ನುವವರು ತೆಳ್ಳನೆ ಹತ್ತಿ ಕೈಗವಸು ಹಾಕಿಕೊಳ್ಳಿ. ಕೋನು ಎರಡಿದ್ದರೆ ಇನ್ನೂ ಅನುಕೂಲ. ಒಂದರ ಮೇಲೆ ಹಿಂದಿನದು ಆರುತ್ತಿರುವಾಗ ಇನ್ನೊಂದರ ಮೇಲೆ ಹೊಸದನ್ನು ಸುತ್ತಬಹುದು. ಇಬ್ಬರು ಸೇರಿ ಮಾಡುವುದಂತೂ ತುಂಬಾ ಒಳ್ಳೆಯದು. ನಮ್ಮ ಮನೆಯಲ್ಲಿ ನನ್ನವರು ಅಚ್ಚು ನೋಡಿಕೊಳ್ಳುತ್ತಾರೆ, ಸುತ್ತುವ ಕೆಲಸ ನಾನು ಯಾರಿಗೂ ಬಿಡುವುದಿಲ್ಲ. ಕೋನು ಇಲ್ಲದಿದ್ದರೆ ಬಿಸಿ ಬಿಲ್ಲೆಯನ್ನು ಸಣ್ಣ ಬಟ್ಟಲಿನ ಬೆನ್ನಿನ ಮೇಲೆ ಹಾಕಿ ಒತ್ತಿ. ಬುಟ್ಟಿಯ ಆಕಾರ ಬರುತ್ತದೆ. ಅದೂ ಬಾಗಿದ್ದೇ ತಾನೆ, ಹೆಸರಿಗೆ ಮೋಸ ಇಲ್ಲ.

ಈ ಅಚ್ಚು ನಾರ್ವೆಯವರ ಜೊತೆ ಕಡಲನ್ನೂ ದಾಟಿದೆ. 1825ರಲ್ಲಿ ವಲಸೆಗಾರರ ಮೊದಲ ಹಡಗು ಅಮೆರಿಕಕ್ಕೆ ಹೊರಟದ್ದು ನಮ್ಮ ಈ ಸ್ಟವಾಂಗರ್ ಬಂದರಿನಿಂದಲೇ, 'ರೆಸ್ಟೌರಾಶೂನ್' ಅಂತ ಅದರ ಹೆಸರು. ಮುಂದಿನ 100 ವರ್ಷಗಳಲ್ಲಿ 8 ಲಕ್ಷಕ್ಕೂ ಹೆಚ್ಚು ಜನ ಹಾಗೆ ಹೋದರು. ಬಹಳಷ್ಟು ಜನ ನೆಲೆ ನಿಂತದ್ದು ಮಿನೆಸೋಟ, ವಿಸ್ಕಾನ್ಸಿನ್ ಕಡೆ. ಮಿನೆಸೋಟದಲ್ಲಿ 1946ರಲ್ಲಿ ಶುರುವಾದ ನಾರ್ಡಿಕ್ ವೇರ್ ಕಂಪನಿ ಮೊದಮೊದಲು ಮಾಡಿದ ಸಾಮಾನುಗಳಲ್ಲಿ ಕ್ರುಮ್‌ಕಾಕೆ ಅಚ್ಚೂ ಒಂದು. ಆ ಕಡೆ ಇರುವ ನಮ್ಮ ಕನ್ನಡದವರಿಗೆ ಅಚ್ಚು ಹುಡುಕುವ ಕಷ್ಟ ಇಲ್ಲ.

ಕಾಪಾಡುವುದು ಮಾತ್ರ ಕಟ್ಟುನಿಟ್ಟಾಗಿ ಆಗಬೇಕು. ಸ್ಟವಾಂಗರ್‌ನಲ್ಲಿ ಚಳಿಗಾಲ ಅಂದರೆ ಹಿಮಕ್ಕಿಂತ ಮಳೆಯೇ ಜಾಸ್ತಿ. ಸಕ್ಕರೆ ಗಾಳಿಯ ತೇವ ಎಳೆದುಕೊಂಡರೆ ಕ್ರುಮ್‌ಕಾಕೆ ಮೆತ್ತಗಾಗುತ್ತದೆ. ಪೂರ್ತಿ ಆರಿದ ಕೂಡಲೇ ಬಿಗಿ ಮುಚ್ಚಳದ ತಗಡಿನ ಡಬ್ಬಿಗೆ ಹಾಕಿ. ಅದೇ ಡಬ್ಬಿಯಲ್ಲಿ ಮೆತ್ತನೆ ಕೇಕು, ಬನ್ನು ಇಡಬೇಡಿ. ಸರಿಯಾಗಿ ಇಟ್ಟರೆ ವಾರಗಟ್ಟಲೆ ಗರಿಯಾಗಿರುತ್ತದೆ. ಆದರೂ ಮೆತ್ತಗಾದರೆ ಸಣ್ಣ ಉರಿಯ ಓವನ್‌ನಲ್ಲಿ ಕೆಲವು ನಿಮಿಷ ಇಟ್ಟು, ಹೊರಗೆ ಆರಲು ಬಿಡಿ.

ಇದಕ್ಕೆ ಇಲ್ಲಿನವರು ತುಂಬುವುದು ಮುಲ್ಟೆ ಹಣ್ಣಿನ ಕೆನೆ. ಮುಲ್ಟೆ ಜೌಗು ನೆಲದಲ್ಲಿ ಬೆಳೆಯುವ ಕಿತ್ತಳೆ ಬಣ್ಣದ ಸಣ್ಣ ಹಣ್ಣು. ಬೆಲೆ ಜಾಸ್ತಿ, ರುಚಿ ಹುಳಿಸಿಹಿ. ಹಣ್ಣಿಗೆ ಸಕ್ಕರೆ ಬೆರೆಸಿ, ಕಡೆದ ಕೆನೆಯಲ್ಲಿ ಹಗುರಾಗಿ ಕಲಸಿದರೆ ಆಯಿತು. ಅದು ಸಿಗದ ಕಡೆ ರಾಸ್ಪ್‌ಬೆರಿ, ಸ್ಟ್ರಾಬೆರಿ ನಡೆಯುತ್ತದೆ. ಏನೇ ತುಂಬಿದರೂ ಊಟ ಮುಗಿದು ಎಲ್ಲರೂ ಕೂತ ಮೇಲೆಯೇ ತುಂಬಿ. ಮೊದಲೇ ತುಂಬಿಟ್ಟರೆ ಅಷ್ಟು ಕಷ್ಟಪಟ್ಟು ತಂದ ಗರಿ ಹತ್ತು ನಿಮಿಷದಲ್ಲಿ ಹೋಗುತ್ತದೆ. ಸುತ್ತುವಾಗ ಮುರಿದ ಚೂರುಗಳನ್ನು ಬೇರೆ ಡಬ್ಬಿಯಲ್ಲಿ ಎತ್ತಿಡಿ. ಬೇಯಿಸಿದ ಸೇಬು, ಕಡೆದ ಕೆನೆ, ಈ ಚೂರು ಪದರಪದರವಾಗಿ ಲೋಟಕ್ಕೆ ಹಾಕಿದರೆ ಮಾರನೆಯ ದಿನದ ಸಿಹಿ ತಯಾರು.