ಟ್ಯಾಂಗೋ ಕಲಿಯುವವರಿಗೆ: ಹೆಜ್ಜೆಗಿಂತ ಮೊದಲು ಕೇಳುವ ರೀತಿ

ಜೋಡಿಯಾಗಿ ಮಾಡುವ ಟ್ಯಾಂಗೋ ನೃತ್ಯ ಕಲಿಯಲು ಹೊರಟವರು ಹೆಜ್ಜೆಗಳಿಗಿಂತ ಮೊದಲು ಅದರ ಶಿಷ್ಟಾಚಾರವನ್ನು ಕಲಿಯಿರಿ. ಅರ್ಜೆಂಟೀನಾದ ಬ್ಯೂನಸ್ ಐರಿಸ್‌ನ ಸಾಂಪ್ರದಾಯಿಕ ಮಿಲೋಂಗಾಗಳಲ್ಲಿ, ಅಂದರೆ ಟ್ಯಾಂಗೋ ಕೂಟಗಳಲ್ಲಿ, ಎದುರಿಗೆ ಹೋಗಿ ಕೈಚಾಚಿ ನೃತ್ಯಕ್ಕೆ ಕರೆಯುವ ಪದ್ಧತಿಯಿಲ್ಲ. ದೂರದಿಂದಲೇ ಕಣ್ಣು ಕೂಡಿಸಿ ತಲೆಯನ್ನು ತುಸು ಬಾಗಿಸುತ್ತಾರೆ. ಇದೇ ಕಬೆಸಿಯೊ. ಒಪ್ಪಿಗೆಯಿದ್ದರೆ ಎದುರಿನವರೂ ತಲೆಯಾಡಿಸುತ್ತಾರೆ. ಇಲ್ಲದಿದ್ದರೆ ನೋಟ ಬೇರೆಡೆ ಹೊರಳುತ್ತದೆ. ನಾಲ್ಕು ಜನರ ಮುಂದೆ ಯಾರಿಗೂ ಮುಜುಗರವಿಲ್ಲ. ಬೇಡ ಎನ್ನುವುದನ್ನು ಇಷ್ಟು ಹಗುರಗೊಳಿಸಿದ ಈ ಕ್ರಮ ನನಗೆ ಬಹಳ ಇಷ್ಟ. ಮನೆಯಲ್ಲಾಗಲಿ ಕಚೇರಿಯಲ್ಲಾಗಲಿ, ನಿರಾಕರಿಸಲು ದಾರಿ ಬಿಟ್ಟು ಕೇಳುವುದನ್ನು ನಾನು ಕಲಿತದ್ದು ಇದರಿಂದಲೇ.

ಒಪ್ಪಿದ ಮೇಲೆ ಒಂದು ತಾಂಡಾ, ಅಂದರೆ ಸಾಮಾನ್ಯವಾಗಿ ಮೂರು ನಾಲ್ಕು ಹಾಡುಗಳ ಗುಚ್ಛ, ಮುಗಿಯುವವರೆಗೆ ಜೊತೆಗಿರುವುದು ವಾಡಿಕೆ. ಮೊದಲ ಹಾಡಿನಲ್ಲೇ ಹೊಂದಾಣಿಕೆಯಾಗದಿದ್ದರೆ ಗಾಬರಿ ಬೇಡ. ಅಲಂಕಾರ ಬಿಟ್ಟು ಹೆಜ್ಜೆಯನ್ನು ಚಿಕ್ಕದಾಗಿಸಿ, ಜೊತೆಗಾರರ ತೂಕ ಯಾವ ಕಾಲಿನ ಮೇಲಿದೆ ಎಂಬುದನ್ನು ಗಮನಿಸಿ. ಮುನ್ನಡೆಸುವವರು ತಳ್ಳಬಾರದು, ಸೂಚನೆ ಕೊಟ್ಟು, ಎದುರಿನವರು ಹೆಜ್ಜೆ ಮುಗಿಸುವವರೆಗೆ ಕಾಯಬೇಕು. ಈ ಕಾಯುವಿಕೆಯೇ ಎಲ್ಲಕ್ಕಿಂತ ಕಷ್ಟ, ಅದನ್ನೇ ಹೆಚ್ಚು ಅಭ್ಯಾಸ ಮಾಡಿ. ಹಾಡುಗಳ ನಡುವೆ ಧನ್ಯವಾದ ಹೇಳಿದರೆ ಇನ್ನು ಸಾಕು ಎಂದರ್ಥ. ಜೊತೆಗಾರರ ಹಿಡಿತ ನೋವು ಕೊಡುತ್ತಿದ್ದರೆ ಸಂಕೋಚವಿಲ್ಲದೆ ಧನ್ಯವಾದ ಹೇಳಿ ಹೊರಬನ್ನಿ.